ನಮ್ಮ ವೈಫೈಯಲ್ಲಿ ನಿನ್ನ ಹೆಸರು

ಕೊಚಬಾಂಬಾ
ಜನವರಿ 20, 2019

ಪ್ರೀತಿಯ ಲುಸ್ಮಿಲಾ,

ನಿನ್ನನ್ನು ಸಿಸ್ಟರ್ ವೆರೋನಿಕಾ ಎಂದು ಬರೆಯಬೇಕಂತೆ. ಲಕೋಟೆಯ ಮೇಲೆ ಹಾಗೆಯೇ ಬರೆದಿದ್ದೇನೆ. ಒಳಗೆ ನನ್ನಿಷ್ಟ.

ಒಂದು ಮಾತು ಕೇಳುತ್ತೇನೆ, ಸುತ್ತಿಬಳಸದೆ ಹೇಳು. ನೀನು ಸೂಕ್ರೆಯ ಮಠದಲ್ಲೇ ಇದ್ದೀಯಲ್ಲವೇ?

ಯಾಕೆ ಕೇಳಿದೆನೆಂದರೆ, ಹೋದ ವಾರದಿಂದ ವೈಫೈ ತೆವಳುತ್ತಿದೆ ಎಂದು ಗುಡ್ಡದ ಮೇಲಿನವರೆಲ್ಲ ನನ್ನ ಬಾಗಿಲಿಗೆ ಬಂದು ಗೊಣಗಿದರು. ಡಬ್ಬಿ ನಮ್ಮ ಮನೆಯಲ್ಲಿದೆ ಎಂದ ಮಾತ್ರಕ್ಕೆ ಅದರ ಹೊಟ್ಟೆನೋವೆಲ್ಲ ನನಗೆ ಗೊತ್ತಿರುತ್ತದೆಯೇ? ಕಂಪನಿಯವರ ತಂತಿ ಕೆಳರಸ್ತೆಗೇ ನಿಂತುಹೋಯಿತು, ನಮ್ಮ ಮನೆಯೇ ಕೊನೆಯದು, ಅದಕ್ಕೇ ಎಲ್ಲರೂ ಸೇರಿ ಇಲ್ಲಿ ಹಾಕಿಸಿದ್ದು. ಆಗ ನೀನೂ ಇದ್ದೆ. ಮಿನಿಬಸ್ ಓಡಿಸುವ ನಿಕಾನೋರನೇ ನಮ್ಮ ಸೂರಿನ ಮೇಲೊಂದು ಡಿಶ್ ಕೂರಿಸಿ, ಅಲ್ಲಿಂದ ಮೇಲಿನ ಮನೆಯ ಎರ್ಮೆಲಿಂದಾಳ ಸೂರಿಗೆ, ಅಲ್ಲಿಂದ ಇನ್ನೂ ಮೇಲಕ್ಕೆ ವೈಫೈ ದಾಟಿಸಿದ.

ಈ ಭಾನುವಾರ ಅವನು ಬಂದು ಮೊದಲು ಡಬ್ಬಿಯ ಮೇಲೆ ನಾನು ಹೊದಿಸಿದ್ದ ಕ್ರೋಶಾ ಬಟ್ಟೆ ಎಳೆದು ಬಿಸಾಡಿದ.

"ಅಕ್ಕಾ, ಇದೇನು ಮದುವೆ ಹೆಣ್ಣಾ? ಕಾದು ಸಾಯ್ತಿದೆ ಪಾಪ, ಉಸಿರಾಡೋಕೆ ಬಿಡಿ."

ಆಮೇಲೆ ತನ್ನ ಫೋನಿನಲ್ಲಿ ಏನೋ ತೆರೆದು, ಯಾರು ಯಾರು ಸೇರಿಕೊಂಡಿದ್ದಾರೆ ಎಂದು ಓದುತ್ತಾ ಹೋದ. ಎರ್ಮೆಲಿಂದಾಳದು, ಅವಳ ಅಳಿಯನದು, ಮೇಲಿನ ಔಷಧದಂಗಡಿಯದು. ಮಧ್ಯದಲ್ಲಿ ನಿಂತುಬಿಟ್ಟ.

"ಲುಸ್ಮಿ ಫೋನು ಅಂತ ಇದೆ."

ನನ್ನ ಕೈಯಲ್ಲಿದ್ದ ಸೌಟು ಕೈಯಲ್ಲೇ ಉಳಿಯಿತು. "ಯಾವ ಲುಸ್ಮಿ?" ಎಂದೆ.

"ನಿಮ್ಮ ಲುಸ್ಮಿನೇ. ಈ ಹೆಸರು ಅವತ್ತು ನಾನೇ ಹಾಕ್ಕೊಟ್ಟಿದ್ದು. ಮೇಲಿನ ಡಿಶ್‌ನಿಂದ ಬರ್ತಿಲ್ಲ ಅಕ್ಕಾ, ಇದೇ ಡಬ್ಬಿಯಿಂದ ತಗೋತಿದೆ. ಅಂದ್ರೆ ಇಲ್ಲೇ ಎಲ್ಲೋ, ಮನೆ ಪಕ್ಕದಲ್ಲೇ ಇದೆ."

ಬೀದಿಗೆ ಓಡಿದೆ. ಒಂದು ನಾಯಿ ಬಿಟ್ಟರೆ ಯಾರೂ ಇರಲಿಲ್ಲ. ಒಳಗೆ ಬರುವಷ್ಟರಲ್ಲಿ ಹೆಸರೂ ಮಾಯವಾಗಿತ್ತು.

ಮಠಕ್ಕೆ ಹೊರಡುವಾಗ ನೀನು ನಿನ್ನ ಫೋನು ಯಾರಿಗೋ ಕೊಟ್ಟೆ ಎಂದಿದ್ದೆ. ಯಾರಿಗೆ ಎಂದು ಆಗ ನಾನು ಕೇಳಲಿಲ್ಲ. ನೀನು ಹೊರಟ ಸಿಟ್ಟಿನಲ್ಲಿ ಏನನ್ನೂ ಕೇಳಲಿಲ್ಲ. ಈಗ ಕೇಳುತ್ತಿದ್ದೇನೆ. ನಮ್ಮ ಪತ್ರಗಳನ್ನು ನಿಮ್ಮ ಮಠದ ಮುಖ್ಯಸ್ಥೆ ಮದರ್ ಓದುತ್ತಾರೆಂದು ಗೊತ್ತು. ಅವರಿಗೆ ನನ್ನ ನಮಸ್ಕಾರ. ಅವರು ಓದಿದರೂ ಪರವಾಗಿಲ್ಲ, ನಿಜ ಬರೆ.

ನಿನ್ನ ಅಮ್ಮ
ಪ್ರಿಮಿತಿವಾ


ಸೂಕ್ರೆ
ಫೆಬ್ರುವರಿ 3, 2019

ಅಮ್ಮ,

ನಾನು ಇಲ್ಲೇ ಇದ್ದೇನೆ. ಬೆಳಿಗ್ಗೆ ಪೂಜೆಯ ರೊಟ್ಟಿ ಬೇಯಿಸುತ್ತೇನೆ, ಮಧ್ಯಾಹ್ನ ತೋಟಕ್ಕೆ ನೀರು ಹಾಕುತ್ತೇನೆ. ಕಿಟಕಿಯಿಂದ ಹೊರಗಿನ ಮರದ ತುದಿ ಮಾತ್ರ ಕಾಣುತ್ತದೆ. ನನಗೆ ಈ ಆಗಸ್ಟ್‌ನಲ್ಲಿ ಸನ್ಯಾಸಿನಿಯ ವ್ರತ ಸ್ವೀಕಾರ. ನೀನು ಬರುತ್ತೀಯೋ ಇಲ್ಲವೋ ಎಂದು ಮೂರು ಪತ್ರಗಳಲ್ಲಿ ಕೇಳಿದ್ದೇನೆ. ನೀನು ಆಲೂಗಡ್ಡೆಯ ಬೆಲೆ ಬರೆದೆ.

ಫೋನು ಅಗತ್ಯವಿದ್ದವರೊಬ್ಬರಿಗೆ ಕೊಟ್ಟೆ. ಯಾರು ಎಂಬುದನ್ನು ಅವರೇ ಹೇಳಬೇಕು. ನಾನು ಹೇಳಿದರೆ ಅವರಿಗೆ ಕೊಟ್ಟ ಮಾತು ತಪ್ಪುತ್ತದೆ.

ಒಂದು ಪ್ರಶ್ನೆ ನನ್ನದೂ ಇದೆ. ಈಗ ವೈಫೈ ಯಾರ ಯಾರ ಮನೆಗೆ ಹೋಗುತ್ತದೆ? ಬಸೀಲಿಯಾ ಚಿಕ್ಕಮ್ಮನ ಮನೆಗೆ ಹೋಗುತ್ತದೆಯೇ?

ನಿನ್ನ ಮಗಳು
ಸಿ. ವೆರೋನಿಕಾ


ಕೊಚಬಾಂಬಾ
ಫೆಬ್ರುವರಿ 24, 2019

ಲುಸ್ಮಿಲಾ,

ನಿನ್ನ ಪತ್ರವನ್ನು ಎರ್ಮೆಲಿಂದಾಳಿಗೆ ತೋರಿಸಿದೆ. "ಅಕ್ಷರ ಅವಳದೇ" ಎಂದಳು. ಅಕ್ಷರ ನಿನ್ನದೇ ಇರಬಹುದು, ಆದರೆ ಮಾತು? ಅಗತ್ಯವಿದ್ದವರೊಬ್ಬರು ಎಂದರೆ ಯಾರು? ನಿನಗೇ ಅಗತ್ಯವಿದ್ದರೆ ನಿನ್ನನ್ನೇ ಹಾಗೆ ಕರೆದುಕೊಂಡೆಯಾ? ಪತ್ರವನ್ನು ಮೊದಲೇ ಬರೆದಿಟ್ಟು, ಇನ್ನೊಬ್ಬರಿಂದ ಅಂಚೆಗೆ ಹಾಕಿಸಿದರೂ ಆಗುತ್ತದಲ್ಲ. ನಾನು ಹುಚ್ಚಿಯಲ್ಲ. ಆದರೆ ಹೆಸರು ಬರುತ್ತಲೇ ಇದೆ.

ನಿಕಾನೋರನಿಗೆ ಹೇಳಿ ನನ್ನ ಫೋನಿನಲ್ಲೂ ಆ ಪಟ್ಟಿ ಕಾಣುವಂತೆ ಮಾಡಿಸಿಕೊಂಡೆ. ಸಂಜೆ ಸಂತೆಯಿಂದ ಬಂದು ಬಾಗಿಲು ತೆಗೆದು ಫೋನು ನೋಡಿದರೆ ನಿನ್ನ ಹೆಸರು ಒಂದು ಗಳಿಗೆ ಇರುತ್ತದೆ, ಆಮೇಲೆ ಹೋಗುತ್ತದೆ. ನನ್ನ ಬೀಗದ ಸದ್ದು ಕೇಳಿ ಎದ್ದು ಹೋದ ಹಾಗೆ.

ಮಠದಿಂದ ಬಂದವಳಿಗೆ ನಾಚಿಕೆ ಇರಬಹುದು ಎಂದುಕೊಂಡೆ. ಊರಿಗೆಲ್ಲ ಹೇಳಿ ಹೋದವಳು ಹೇಗೆ ಮುಖ ತೋರಿಸುತ್ತಾಳೆ? ಮುಖ ತೋರಿಸದಿದ್ದರೂ ಊಟ ಮಾಡಲಿ ಎಂದು ಬುಧವಾರ ಕಡಲೆಕಾಯಿ ಸೂಪು ಮಾಡಿ, ಪಾತ್ರೆಯ ಮೇಲೆ ಬಟ್ಟೆ ಕಟ್ಟಿ, ಚಮಚ ಸಿಕ್ಕಿಸಿ, ಗಲ್ಲಿಯ ಮೆಟ್ಟಿಲ ಮೇಲಿಟ್ಟು ಸಂತೆಗೆ ಹೋದೆ. ಬಂದು ನೋಡಿದರೆ ಪಾತ್ರೆ ಖಾಲಿ. ಖಾಲಿ ಮಾತ್ರವಲ್ಲ, ತೊಳೆದು ಬೋರಲು ಹಾಕಿತ್ತು! ನಾಯಿ ಪಾತ್ರೆ ತೊಳೆಯುತ್ತದೆಯೇ? ಮೆಟ್ಟಿಲ ಮೇಲೆ ಕೂತು ಅತ್ತೆ. ಎರ್ಮೆಲಿಂದಾ ಬಂದು "ಯಾಕೆ ಪ್ರಿಮಿ, ಏನಾಯ್ತೇ?" ಎಂದರೆ ಏನು ಹೇಳಲಿ? ಪಾತ್ರೆ ತೊಳೆದಿದೆ ಎಂದೆ. ಅವಳು ನನ್ನ ಹಣೆ ಮುಟ್ಟಿ ನೋಡಿದಳು.

ಬಸೀಲಿಯಾಳನ್ನು ಕೇಳಿದ್ದೀಯ. ಇಲ್ಲ, ಅವಳ ಮನೆಗೆ ಹೋಗುವುದಿಲ್ಲ. ಮೊದಲು ಅವಳ ಸೂರಿನ ಮೇಲೂ ಡಿಶ್ ಇತ್ತು. ನಿನ್ನನ್ನು ಕೈಹಿಡಿದು ಮಠದ ಬಾಗಿಲಿಗೆ ಬಿಟ್ಟು ಬಂದಳಲ್ಲ, ಆ ವಾರವೇ ಅದನ್ನು ಕೀಳಿಸಿ ಔಷಧದಂಗಡಿಗೆ ಹಾಕಿಸಿದೆ. ಒಡಹುಟ್ಟಿದವಳು ಇನ್ನೊಬ್ಬಳ ಮಗಳನ್ನು ಹೀಗೆ ಕದ್ದು ಸಾಗಿಸುವುದೇ? ಗುಡ್ಡದವರೆಲ್ಲ ನಮ್ಮ ಡಬ್ಬಿಯಿಂದ ತೆಗೆದುಕೊಳ್ಳಲಿ. ಅವಳಿಗೆ ಮಾತ್ರ ಬೇಡ.

ತಪಸ್ಸುಕಾಲ ಶುರುವಾದರೆ ನಿಮ್ಮಲ್ಲಿ ಪತ್ರ ಬಂದ್. ಅಷ್ಟರೊಳಗೆ ಬರೆ. ಅಥವಾ ಬಾಗಿಲು ತಟ್ಟು. ನಾನು ಏನೂ ಕೇಳುವುದಿಲ್ಲ.

ಅಮ್ಮ


ಸೂಕ್ರೆ
ಮಾರ್ಚ್ 4, 2019

ಅಮ್ಮ,

ಸೂಪು ಇಡಬೇಡ. ಅದು ನಾನಲ್ಲ. ದೇವರಾಣೆ, ನಾನು ಇಲ್ಲಿಯೇ ಇದ್ದೇನೆ.

ನಾಡಿದ್ದು ಬೂದಿ ಬುಧವಾರ, ತಪಸ್ಸುಕಾಲ ಶುರು. ಈಸ್ಟರ್‌ವರೆಗೆ ಪತ್ರ ಬರೆಯುವಂತಿಲ್ಲ, ನೀನು ಬರೆದರೂ ನನ್ನ ಕೈಗೆ ಬರುವುದಿಲ್ಲ. ಒಂದೇ ಒಂದು ಬೇಡಿಕೆ: ಅಲ್ಲಿಯವರೆಗೆ ಏನನ್ನೂ ಬದಲಿಸಬೇಡ. ಆ ಹೆಸರು ಬಂದರೆ ಬರಲಿ, ಹೋದರೆ ಹೋಗಲಿ. ಪಾಸ್‌ವರ್ಡ್ ಮುಟ್ಟಬೇಡ.

ಇದಕ್ಕಿಂತ ಹೆಚ್ಚು ಬರೆಯಲಾರೆ.

ಲುಸ್ಮಿ


ಕೊಚಬಾಂಬಾ
ಮಾರ್ಚ್ 29, 2019

ಲುಸ್ಮಿಲಾ,

ಈ ಪತ್ರ ಈಸ್ಟರ್‌ವರೆಗೂ ಮದರ್ ಅವರ ಮೇಜಿನಲ್ಲಿ ಕೊಳೆಯುತ್ತದೆಂದು ಗೊತ್ತಿದ್ದೂ ಬರೆಯುತ್ತಿದ್ದೇನೆ. ಬರೆಯದಿದ್ದರೆ ನನಗೆ ನಿದ್ದೆ ಬರುವುದಿಲ್ಲ.

ಹೋದ ಪತ್ರದ ಕೊನೆಯಲ್ಲಿ ನೀನು ಲುಸ್ಮಿ ಎಂದು ಸಹಿ ಹಾಕಿದ್ದೆ. ಮಠಕ್ಕೆ ಹೋದ ಮೇಲೆ ಒಮ್ಮೆಯೂ ಹಾಕಿದವಳಲ್ಲ. ಪಾಸ್‌ವರ್ಡ್ ಮುಟ್ಟಬೇಡ ಎಂದೆ. ಇವೆರಡನ್ನೂ ಸೇರಿಸಿ ನನಗೆ ತಿಳಿದದ್ದು ಒಂದೇ: ನೀನು ಬಂದಿದ್ದೀಯ, ಬಾಯಿಬಿಟ್ಟು ಹೇಳಲಾರೆ. ಮಂಗಳವಾರ ಮಧ್ಯಾಹ್ನಕ್ಕೇ ಸಂತೆಯ ಅಂಗಡಿ ಮುಚ್ಚಿ, ಚಪ್ಪಲಿ ಕೈಯಲ್ಲಿ ಹಿಡಿದು, ಮುಂದಿನ ಬಾಗಿಲು ಮುಟ್ಟದೆ ಹಿಂದಿನ ಹಳ್ಳದ ಕಡೆಯಿಂದ ಬಂದೆ. ನಮ್ಮ ನೀರಿನ ತೊಟ್ಟಿಯ ಹಿಂದೆ, ಗೋಡೆಗೆ ಒರಗಿ, ನಿನ್ನ ನೀಲಿ ಶಾಲು ಹೊದ್ದು ಯಾರೋ ಕೂತಿದ್ದರು. ಬೆನ್ನು ಮಾತ್ರ ಕಾಣುತ್ತಿತ್ತು. ಭುಜ ಕುಲುಕುತ್ತಿತ್ತು. ಅಳುತ್ತಿದ್ದೀಯ ಎಂದುಕೊಂಡು "ನನ್ನ ಕಂದಾ" ಎಂದುಬಿಟ್ಟೆ.

ತಿರುಗಿದ್ದು ಬಸೀಲಿಯಾ. ಅಳುತ್ತಿರಲಿಲ್ಲ, ನಗುತ್ತಿದ್ದಳು. ಕೈಯಲ್ಲಿ ನಿನ್ನ ಫೋನು, ಅದರೊಳಗೆ ಸಾವೊ ಪೌಲೊದಿಂದ ಅವಳ ಮಗ ವಿಲ್ದೆರ್, ಹೊಲಿಗೆ ಯಂತ್ರದ ಮುಂದೆ ಕೂತು ಏನೋ ಮಂಗಾಟ ಮಾಡುತ್ತಿದ್ದ. ನನ್ನನ್ನು ನೋಡಿ ಅವನು "ದೊಡ್ಡಮ್ಮಾ!" ಎಂದ. ಅವಳು ಫೋನನ್ನು ಎದೆಗೆ ಒತ್ತಿಕೊಂಡಳು.

"ಕಳ್ಳಿ" ಎಂದೆ.

"ಹೂಂ ಕಣೇ, ಕಳ್ಳಿ. ನಿನ್ನ ಮನೆ ಗಾಳಿ ಕದ್ದೆ. ಹೋಗು, ಪೊಲೀಸರಿಗೆ ಹೇಳು."

"ಫೋನು, ಶಾಲು ಎಲ್ಲ ನಿನಗ್ಯಾಕೆ ಕೊಟ್ಲು?"

"ಅವಳನ್ನೇ ಕೇಳು. ನನ್ನ ಹತ್ರ ಬೇರೆ ಫೋನಿತ್ತಾ? ವಿಲ್ದೆರ್ ಮುಖ ನೋಡ್ತಿದ್ದಿದ್ದೇ ಅವಳ ಫೋನಲ್ಲಿ. ಡಿಶ್ ಕೀಳಿಸಿದೆ. ಕೀಳಿಸಿದ್ರೆ ಮಗನ ಮುಖ ಮರ್ತುಬಿಡ್ತೀನಾ? ಇಲ್ಲಿ ಬಂದು ಕೂತ್ರೆ ಸಿಗುತ್ತೆ, ಬಂದು ಕೂತೆ."

"ನನ್ನ ಮಗಳನ್ನ ಕರ್ಕೊಂಡು ಹೋಗಿ ಒಳಗೆ ತಳ್ಳಿದವಳು ನೀನು!"

"ನಾನು ತಳ್ಳಿದ್ನಾ? ಪ್ರಿಮಿ, ಬಸ್ಸಲ್ಲಿ ಅರ್ಧ ದಾರಿ, ಐಕಿಲೆ ತನಕ ಅವಳ ಕಾಲು ಹಿಡ್ಕೊಂಡೆ ಕಣೇ, ವಾಪಸ್ ಬಾ, ನಿಮ್ಮಮ್ಮ ಸತ್ತು ಹೋಗ್ತಾಳೆ ಅಂತ. ಬರಲ್ಲ ಅಂದ್ಲು. ಒಬ್ಬಳನ್ನೇ ಕಳಿಸೋದು ಹೇಗೆ? ಬಾಗಿಲ ತನಕ ಹೋದೆ."

ನಂಬಲಿಲ್ಲ. ಈಗಲೂ ನಂಬಿದ್ದೇನೋ ಇಲ್ಲವೋ ಗೊತ್ತಿಲ್ಲ. ಆಗ ಅವಳು ಎದ್ದು ಮಣ್ಣು ಕೊಡವಿಕೊಳ್ಳುತ್ತಾ ಇನ್ನೊಂದು ಮಾತು ಹೇಳಿದಳು.

"ಅವತ್ತು ಸೂಪು ಇಟ್ಟಿದ್ದೆಯಲ್ಲ, ನಾನು ಕದ್ದು ಬರೋದು ನಿನಗೆ ಗೊತ್ತಾಗಿದೆ, ಬಾಯಲ್ಲಿ ಹೇಳೋಕಾಗ್ದೆ ನನಗೇ ಇಟ್ಟಿದ್ದೀಯ ಅಂದ್ಕೊಂಡೆ. ಉಪ್ಪು ಕಮ್ಮಿ ಇತ್ತು. ಆದ್ರೂ ಪೂರ್ತಿ ತಿಂದೆ."

ಅದನ್ನು ಇಟ್ಟಿದ್ದು ಅವಳಿಗಲ್ಲ, ನಿನಗೆ ಎಂದು ನಾನು ಹೇಳಲಿಲ್ಲ. ಹೇಳಬೇಕಿತ್ತೋ ಏನೋ.

ಸಂಜೆ ನಿಕಾನೋರನನ್ನು ಕರೆಸಿ ಪಾಸ್‌ವರ್ಡ್ ಬದಲಿಸು ಎಂದೆ. "ಅಕ್ಕಾ, ಅಷ್ಟೂ ಮನೆಯವ್ರು ಮತ್ತೆ ಹೊಡ್ಕೋಬೇಕು, ಒಬ್ಬ ಹೆಂಗಸು ಮಗನ್ನ ನೋಡಿದ್ರೆ ನಿಮಗೇನು ಸವೆಯುತ್ತೆ?" ಎಂದು ಬೇಡಿಕೊಂಡ. ಕೇಳಲಿಲ್ಲ. ಮುಖ ಗಂಟು ಹಾಕಿಕೊಂಡು ಏನೋ ಹೊಡೆದ, ನನ್ನ ಫೋನಿಗೂ ಅವನೇ ಹಾಕಿ ಕೊಟ್ಟು ಹೋದ.

ಈಗ ನಿನ್ನ ಹೆಸರು ಬರುವುದಿಲ್ಲ. ಇದನ್ನೇ ಬಯಸಿದ್ದೆ. ಆದರೂ ಸಂಜೆ ಮನೆಗೆ ಬಂದು ಮೊದಲು ಅದನ್ನೇ ನೋಡುತ್ತೇನೆ. ಇದರ ಅರ್ಥವೇನೋ ನನಗೇ ತಿಳಿಯುತ್ತಿಲ್ಲ.

ನೀನು ನಿಜಕ್ಕೂ ಅಲ್ಲೇ ಇದ್ದೀಯ. ನನಗೆ ಅದು ಸಂತೋಷದ ಸುದ್ದಿಯಾಗಬೇಕಿತ್ತು.

ಅಮ್ಮ


ಕೊಚಬಾಂಬಾ
ಏಪ್ರಿಲ್ 13, 2019

ಲುಸ್ಮಿಲಾ,

ವಿಲ್ದೆರ್ ಬದುಕಿದ್ದಾನೆ. ಮೊದಲು ಅದನ್ನು ಬರೆದಿದ್ದೇನೆ. ಹಾಗೆಯೇ ಬರೆಯಬೇಕು, ಯಾಕೆಂದು ಮುಂದೆ ತಿಳಿಯುತ್ತದೆ.

ಗುರುವಾರ ಎರ್ಮೆಲಿಂದಾ ಸಂತೆಗೆ ಓಡಿ ಬಂದಳು. ಅವಳ ಅಳಿಯನಿಗೆ ಸಾವೊ ಪೌಲೊದಿಂದ ಯಾರೋ ಸುದ್ದಿ ಕಳಿಸಿದ್ದರು. ವಿಲ್ದೆರ್ ಕೆಲಸ ಮಾಡುವ ಹೊಲಿಗೆ ಕೋಣೆಗೆ ಸೋಮವಾರ ಬೆಂಕಿ ಬಿದ್ದಿದೆ, ಅವನು ಆಸ್ಪತ್ರೆಯಲ್ಲಿದ್ದಾನೆ, ಅಮ್ಮನಿಗೆ ಎಷ್ಟು ಸಲ ಮಾಡಿದರೂ ಫೋನು ಹೋಗುತ್ತಿಲ್ಲ.

"ಬಸೀಲಿಯಾಗೆ ಹೇಳೋಕೆ ನನಗೆ ಧೈರ್ಯ ಇಲ್ಲ ಪ್ರಿಮಿ" ಎಂದಳು ಎರ್ಮೆಲಿಂದಾ.

ಗುಡ್ಡದ ಮೆಟ್ಟಿಲು ಹೇಗೆ ಹತ್ತಿದೆನೋ ಗೊತ್ತಿಲ್ಲ. ಬಸೀಲಿಯಾ ಅಂಗಳದಲ್ಲಿ ಒಣ ಆಲೂಗಡ್ಡೆ ಆರಿಸುತ್ತಿದ್ದಳು. ತಲೆ ಎತ್ತದೆಯೇ, "ಏನು, ಬಿಸಿಲಿಗೂ ಬೀಗ ಹಾಕೋಕೆ ಬಂದ್ಯಾ?" ಎಂದಳು.

"ವಿಲ್ದೆರ್" ಎಂದೆ. ಉಸಿರು ಕಟ್ಟಿ ಮುಂದಿನದು ಬರಲಿಲ್ಲ.

ಅವಳು ಕೂತಲ್ಲೇ ಕುಸಿದಳು. ಮೊರ ಉರುಳಿತು. ನಾನು "ಬದುಕಿದ್ದಾನೆ, ಬದುಕಿದ್ದಾನೆ" ಎಂದು ಕಿರುಚಿದೆ. ಎದ್ದು ಬಂದು ನನ್ನ ಭುಜಕ್ಕೆ ಒಂದು ಬಾರಿಸಿದಳು.

"ಬದುಕಿದ್ದಾನೆ ಅಂತ ಮೊದಲು ಹೇಳ್ಬೇಕು ಕಣೇ ಎಮ್ಮೆ! ಹೆಸರು ಆಮೇಲೆ!"

ಇಬ್ಬರೂ ಕೆಳಗಿಳಿದೆವು. ನೀನು ಹೋದ ಮೇಲೆ ಮೊದಲ ಸಲ ಅವಳು ನಮ್ಮ ಹೊಸ್ತಿಲು ದಾಟಿದಳು. ಅವನ ಹೊಸ ನಂಬರ್ ಇದ್ದದ್ದು ನಿನ್ನ ಫೋನಿನಲ್ಲಿ, ಅದನ್ನು ತೆಗೆದು ನನ್ನ ಫೋನಿಗೆ ಹಾಕಲು ನಮ್ಮಿಬ್ಬರಿಗೂ ಬರುತ್ತಿರಲಿಲ್ಲ. ಆ ಫೋನು ಪಾಸ್‌ವರ್ಡ್ ಕೇಳಿತು. ಬಸೀಲಿಯಾ ನನ್ನ ಕಡೆ ನೋಡಿದಳು. ನನಗೆಲ್ಲಿ ಗೊತ್ತು? ನಿಕಾನೋರ್ ಹಾಕಿದ್ದ, ನಾನು ಕೇಳಿರಲೇ ಇಲ್ಲ! ಅವನು ಮಿನಿಬಸ್ ತೆಗೆದುಕೊಂಡು ಪೇಟೆಗೆ ಹೋಗಿದ್ದ. ಎರ್ಮೆಲಿಂದಾಳನ್ನು ಕೇಳಿದರೆ "ಅಳಿಯ ಹಾಕ್ಕೊಟ್ಟಿದ್ದು, ನಂಗೆ ಗೊತ್ತಿಲ್ಲಮ್ಮ" ಎಂದು ಬಾಗಿಲ ಹಿಂದೆ ಸರಿದಳು. ಔಷಧದಂಗಡಿಯವನೂ ನೆಲ ನೋಡಿದ. ಡಬ್ಬಿಯ ಹಸಿರು ದೀಪ ಮಿಣುಕುತ್ತಾ ಇತ್ತು. ನಾವಿಬ್ಬರೂ ಅದರ ಮುಂದೆ, ಶವದ ಮುಂದೆ ಕೂತ ಹಾಗೆ ಕೂತೆವು. ಅವಳಿಗೆ ಚಹಾ ಕೊಟ್ಟೆ. ಕುಡಿಯಲಿಲ್ಲ, ಲೋಟ ಹಿಡಿದುಕೊಂಡಿದ್ದಳು.

ನಿಕಾನೋರ್ ಬಂದವನು ಪಾಸ್‌ವರ್ಡ್ ಎಂದ ಕೂಡಲೇ ಕಿವಿಯವರೆಗೂ ಕೆಂಪಾದ.

"ಅಕ್ಕಾ, ಸಿಟ್ಟಲ್ಲಿ ಹಾಕ್ಬಿಟ್ಟಿದ್ದೆ..."

"ಹೇಳೋ ಬೇಗ!"

"ಹಠಮಾರಿ ಪ್ರಿಮಿ. ಮಧ್ಯೆ ಜಾಗ ಬಿಡ್ಬೇಡಿ."

ಗುಡ್ಡದವರೆಲ್ಲ ಎರಡು ವಾರ ಅದನ್ನು ಹೊಡೆದುಕೊಂಡು ಸುಮ್ಮನಿದ್ದರು! ಬಸೀಲಿಯಾ ಒಂದು ಸಲ ಕಣ್ಣು ಮುಚ್ಚಿದಳು, ಆಮೇಲೆ ನಕ್ಕಳು, ನಗುತ್ತಲೇ ಅಳಲು ಶುರುಮಾಡಿದಳು. ಫೋನನ್ನು ನನ್ನ ಕಡೆ ಚಾಚಿದಳು. ನನ್ನ ಹೆಸರನ್ನು ನಾನೇ ಹೊಡೆದೆ.

ವಿಲ್ದೆರ್‌ನ ಮುಖ ಬಂತು. ಬಲಗೈಗೆ ಮೊಣಕೈವರೆಗೆ ಪಟ್ಟಿ. ಹುಬ್ಬು ಸುಟ್ಟು ಮಗುವಿನ ಹಾಗೆ ಕಾಣುತ್ತಿದ್ದ. ಅವನ ಮೊದಲ ಮಾತು, "ಅಮ್ಮಾ, ಎಷ್ಟು ಸಲ ಮಾಡ್ದೆ, ಯಾಕೆ ಎತ್ತಲಿಲ್ಲ?"

ಬಸೀಲಿಯಾ ನನ್ನ ಕಡೆ ಒಮ್ಮೆ ನೋಡಿದಳು.

"ಫೋನು ಕೆಟ್ಟಿತ್ತು ಕಣೋ" ಎಂದಳು.

ಅಷ್ಟೇ. ಆಮೇಲೆ ಅದರ ಬಗ್ಗೆ ನನಗೂ ಏನೂ ಹೇಳಲಿಲ್ಲ. ಅವಳು ಬೈದಿದ್ದರೆ ನಾನೂ ಬೈಯುತ್ತಿದ್ದೆ, ಮುಗಿಯುತ್ತಿತ್ತು. ಬೈಯಲಿಲ್ಲ. ನನ್ನನ್ನು ಕ್ಷಮಿಸಿದಳೋ, ಕೂಡಿಟ್ಟುಕೊಂಡಳೋ? ಅವಳ ಬಾಯಿ ಯಾವತ್ತು ಸುಮ್ಮನಿತ್ತು ಹೇಳು? ನಿನಗೆ ಅವಳು ಪತ್ರ ಬರೆಯುತ್ತಾಳಲ್ಲ, ನಿನಗಾದರೂ ಗೊತ್ತಾದರೆ ತಿಳಿಸು.

ಅಮ್ಮ


ಸೂಕ್ರೆ
ಏಪ್ರಿಲ್ 22, 2019

ಅಮ್ಮ,

ಈಸ್ಟರ್ ಕಳೆದು ಇವತ್ತು ಮದರ್ ಎರಡೂ ಪತ್ರಗಳನ್ನು ಒಟ್ಟಿಗೆ ಕೊಟ್ಟರು. ಮೇಲಿದ್ದುದನ್ನು ಮೊದಲು ಬಿಚ್ಚಿದೆ. ವಿಲ್ದೆರ್ ಬದುಕಿದ್ದಾನೆ ಎಂದಿತ್ತು. ಅವನಿಗೆ ಏನಾಗಿತ್ತೆಂದೇ ನನಗೆ ಗೊತ್ತಿರಲಿಲ್ಲ. ನಂತರ ಮಾರ್ಚ್‌ನದು ಓದಿದೆ. ಮತ್ತೆ ಮೊದಲಿನಿಂದ ಓದಿದೆ.

ಚಿಕ್ಕಮ್ಮ ಹೇಳಿದ್ದು ನಿಜ. ಐಕಿಲೆಯವರೆಗೂ ನನ್ನನ್ನು ವಾಪಸ್ ಕರೆದಳು. ನಾನು ಕಿಟಕಿಯ ಕಡೆ ಮುಖ ಮಾಡಿ ಕೂತಿದ್ದೆ. ನಿನಗೆ ಹೇಳಬೇಡ ಎಂದವಳೂ ಅವಳೇ. "ನಿನ್ನ ಮೇಲೆ ಸಿಟ್ಟು ಮಾಡ್ಕೊಂಡ್ರೆ ಅವಳು ಬದುಕಲ್ಲ, ನನ್ನ ಮೇಲೆ ಮಾಡ್ಕೊಳ್ಲಿ, ನಂಗೆ ಅಭ್ಯಾಸ ಇದೆ" ಎಂದಿದ್ದಳು. ಅವಳು ಏಕೆ ಬೈಯಲಿಲ್ಲ ಎಂದು ನನ್ನನ್ನು ಕೇಳುತ್ತೀಯ. ನನಗೂ ಗೊತ್ತಿಲ್ಲ.

ಇನ್ನೊಂದು ವಿಷಯ, ಇದನ್ನು ಮದರ್ ಅವರಿಗೂ ಹೇಳಿದ್ದೇನೆ. ಫೆಬ್ರುವರಿಯಲ್ಲಿ ನೀನು ನನ್ನನ್ನು ಹುಡುಕುತ್ತಿದ್ದೀಯ ಎಂದು ಓದಿದಾಗ ದುಃಖವಾಗಬೇಕಿತ್ತು. ಆಗಲಿಲ್ಲ, ಖುಷಿಯಾಯಿತು. ಇಡೀ ದಿನ ರೊಟ್ಟಿಗಳೆಲ್ಲ ಒಂದು ಕಡೆ ಸೀದು ಹೋದವು. ಬೀದಿಯಲ್ಲಿ ನಿಂತು ನನ್ನ ಹೆಸರಿಗಾಗಿ ನೋಡುವವರು ಒಬ್ಬರಿದ್ದಾರೆ ಎಂಬುದು ನನಗೆ ಇಷ್ಟು ಬೇಕಿದ್ದರೆ, ಇಲ್ಲಿಗೆ ಬರುವಾಗ ನಾನು ಏನನ್ನು ತಾನೇ ಬಿಟ್ಟು ಬಂದೆ? ಮದರ್ ಬೈಯಲಿಲ್ಲ. ವ್ರತಕ್ಕೆ ಒಂದು ವರ್ಷ ತಡ ಮಾಡು ಎಂದರು. ಹೂಂ ಎಂದೆ.

ನಾನು ಬರುತ್ತೇನೆಂದು ಇದರ ಅರ್ಥವಲ್ಲ. ಬರುವುದಿಲ್ಲವೆಂದೂ ಅಲ್ಲ. ದಯವಿಟ್ಟು ಹಾಸಿಗೆ ಹಾಸಿಡಬೇಡ.

ನಿನ್ನ
ಲುಸ್ಮಿಲಾ ವೆರೋನಿಕಾ


ಕೊಚಬಾಂಬಾ
ಮೇ 26, 2019

ಲುಸ್ಮಿ ಪುಟ್ಟಿ,

ನಿನ್ನ ಪತ್ರವನ್ನು ನಿಮ್ಮಮ್ಮ ಗಟ್ಟಿಯಾಗಿ ಓದಿ ಹೇಳಿದಳು. ಐಕಿಲೆಯ ಮಾತು ಬಂದಾಗ ಕೆಮ್ಮಿದಳು, ನೀರು ಕುಡಿದಳು, ಮತ್ತೆ ಅದೇ ಸಾಲಿನಿಂದ ಓದಿದಳು. ಆಮೇಲೆ ಮಡಿಸಿಟ್ಟು, ಚಹಾಕ್ಕೆ ಸಕ್ಕರೆ ಸಾಕೇ ಎಂದು ಕೇಳಿದಳು. ಅಷ್ಟಕ್ಕೇ ನಾವಿಬ್ಬರೂ ಸುಸ್ತಾದೆವು.

ವಿಲ್ದೆರ್‌ಗೆ ಎರಡು ಬೆರಳು ಮಡಚಲು ಬರುವುದಿಲ್ಲ. ಹೊಲಿಗೆ ಇನ್ನು ಆಗದು. ಊರಿಗೆ ಬಾ ಎನ್ನುತ್ತೇನೆ, ನೋಡೋಣ ಎನ್ನುತ್ತಾನೆ. ನಿಮಗೆಲ್ಲ ಒಂದೇ ಮಾತು ಕಲಿಸಿದವರು ಯಾರು?

ಅವನನ್ನು ನೋಡಲು ದಿನಾ ಸಂಜೆ ನಿಮ್ಮ ಮನೆಗೆ ಇಳಿಯುತ್ತೇನೆ. ಈಗ ತೊಟ್ಟಿಯ ಹಿಂದೆ ಅಲ್ಲ, ಕುರ್ಚಿಯ ಮೇಲೆ. ನಿಮ್ಮಮ್ಮ ಪಕ್ಕದಲ್ಲಿ ಆಲೂಗಡ್ಡೆ ಸುಲಿಯುತ್ತಾ, ಕೇಳಿಸಿಕೊಳ್ಳದವಳಂತೆ ಎಲ್ಲ ಕೇಳಿಸಿಕೊಳ್ಳುತ್ತಾಳೆ. ನಡುನಡುವೆ ಅವನಿಗೆ ಮುಲಾಮು ಹೇಳಿಕೊಡುತ್ತಾಳೆ.

ಹೋದ ಭಾನುವಾರ ನಿಕಾನೋರ್ ಹಳೆಯ ಡಿಶ್ ಒಂದನ್ನು ಹೆಗಲಿಗೇರಿಸಿಕೊಂಡು ಬಂದ. "ಬಸೀಲಿಯಕ್ಕನ ಸೂರಿಗೆ ವಾಪಸ್ ಹಾಕ್ಬಿಡ್ತೀನಿ, ವಯಸ್ಸಾದವ್ರು ದಿನಾ ಮೆಟ್ಟಿಲು ಇಳಿದು ಹತ್ತೋದು ಯಾಕೆ?" ಎಂದ.

"ಬೇಡ" ಎಂದಳು ನಿಮ್ಮಮ್ಮ.

ನಿಕಾನೋರ್ ನನ್ನನ್ನು ನೋಡಿದ, ನಾನು ಅವಳನ್ನು ನೋಡಿದೆ. ಅವಳು ಆಲೂಗಡ್ಡೆ ನೋಡುತ್ತಿದ್ದಳು. "ಯಾಕಕ್ಕಾ?" ಎಂದ. "ಬೇಡ ಅಂದ್ರೆ ಬೇಡ" ಎಂದಳು. ನನ್ನ ಮೈಯೆಲ್ಲ ಉರಿಯಿತು. ಅಷ್ಟೆಲ್ಲ ಆದ ಮೇಲೂ ಇವಳ ಸಿಟ್ಟು ಇಳಿಯಲಿಲ್ಲವೇ? ಹಾಗಾದರೆ ಈ ಚಹಾ, ಈ ಕುರ್ಚಿ, ಇವೆಲ್ಲ ಏನು? ಹೇಳದೆ ಎದ್ದು ಮನೆಗೆ ಬಂದೆ.

ಮಾರನೆಯ ದಿನ ಇಳಿಯಲಿಲ್ಲ. ಅದರ ಮಾರನೆಯ ದಿನವೂ ಇಲ್ಲ. ವಿಲ್ದೆರ್ ಕಾಯುತ್ತಿರುತ್ತಾನೆಂದು ಗೊತ್ತಿತ್ತು, ಆದರೂ ಹಠಮಾರಿ ಅವಳೊಬ್ಬಳೇ ಏನು?

ಮೂರನೆಯ ಸಂಜೆ ಬಾಗಿಲ ಹತ್ತಿರ ಏದುಸಿರು ಕೇಳಿಸಿತು. ನಿಮ್ಮಮ್ಮ ಚೌಕಟ್ಟು ಹಿಡಿದುಕೊಂಡು ನಿಂತಿದ್ದಳು.

"ಯಾಕೆ ಬರ್ಲಿಲ್ಲ? ಆ ಹುಡ್ಗ ನನ್ನ ಫೋನಿಗೆ ಮಾಡಿ ಮಾಡಿ ಕೇಳ್ತಿದ್ದಾನೆ."

"ಯಾಕೆ ಬರ್ಬೇಕು? ನನ್ನ ಸೂರಿಗೆ ಒಂದು ಡಿಶ್ ಬಿಡೋಕೆ ನಿನ್ನ ಕೈಲಿ ಆಗಲ್ವಲ್ಲ."

ಅವಳು ಶಾಲಿನ ತುದಿ ಎಳೆದುಕೊಂಡು ಮುಖ ಒರೆಸಿಕೊಂಡಳು. ಆಮೇಲೆ ನೆಲ ನೋಡುತ್ತಾ ಕೇಳಿದಳು:

"ಬಿಟ್ರೆ, ನೀನು ದಿನಾ ಕೆಳಗೆ ಬರ್ತೀಯಾ?"

ಲುಸ್ಮಿ, ನಾನು ಒಲೆ ಆರಿಸಿದೆ. ಬಾಗಿಲಿಗೆ ಬೀಗ ಹಾಕಿ ಅವಳ ಜೊತೆ ಇಳಿದೆ.

ನಿನ್ನ ಚಿಕ್ಕಮ್ಮ
ಬಸೀಲಿಯಾ